ರಾಜ್ಯವಿಲ್ಲದ ಚಕ್ರವರ್ತಿ

ಬುದ್ಧಿಭ್ರಮೆಗೊಳಗಾದವನೊಬ್ಬನು ತಾನು ಚಕ್ರವರ್ತಿಯೆಂದು ನಂಬಿ ಬೀದಿಯಲ್ಲಿ ಎದುರಾದರೆ, ಅವನಿಗೆ ವಂದಿಸುವುದು ದಯೆಯೋ, ಅಸತ್ಯವೋ? ಅಮೆರಿಕೆಯ ಪಶ್ಚಿಮ ಕರಾವಳಿಯ ಸ್ಯಾನ್ ಫ್ರಾನ್ಸಿಸ್ಕೋ ನಗರವು ಈ ಪ್ರಶ್ನೆಯನ್ನು 20 ವರ್ಷಗಳ ಕಾಲ ತನ್ನ ನಡವಳಿಕೆಯಲ್ಲಿಯೇ ಎದುರಿಸಬೇಕಾಯಿತು.

ಜೋಷುವಾ ನಾರ್ಟನ್ ಇಂಗ್ಲೆಂಡಿನಲ್ಲಿ ಹುಟ್ಟಿ, ದಕ್ಷಿಣ ಆಫ್ರಿಕದಲ್ಲಿ ಬೆಳೆದು, ಜನರು ಚಿನ್ನವನ್ನರಸಿ ಬರುತ್ತಿದ್ದ 1849ರಲ್ಲಿ ಆ ನಗರವನ್ನು ಸೇರಿ, ವ್ಯಾಪಾರದಿಂದ ಧನಿಕನಾದನು. ಚೀನಾದಿಂದ ಅಕ್ಕಿ ಬರುವುದು ನಿಂತು ಬೆಲೆಯೇರಿದಾಗ, ಪೆರು ದೇಶದಿಂದ ಬಂದ ಒಂದು ಹಡಗಿನ ಅಕ್ಕಿಯನ್ನೆಲ್ಲ ಕೊಂಡರೆ ಪೇಟೆಯೇ ತನ್ನ ವಶವಾಗುವುದೆಂದು ಎಣಿಸಿದನು. ಅಷ್ಟರಲ್ಲಿಯೇ ಬೇರೆ ಹಡಗುಗಳು ಬಂದು ಬೆಲೆಯಿಳಿಯಿತು. ವ್ಯಾಜ್ಯದಲ್ಲಿಯೂ ಸೋತು ಆತನು ದಿವಾಳಿಯಾದನು. 1859ರ ಸೆಪ್ಟೆಂಬರ್ 17ರಂದು, ತಾನು ಅಮೆರಿಕಾ ಸಂಯುಕ್ತ ಸಂಸ್ಥಾನಗಳ ಚಕ್ರವರ್ತಿಯೆಂಬ ಆತನ ಘೋಷಣೆಯು ಪತ್ರಿಕೆಯೊಂದರಲ್ಲಿ ಅಚ್ಚಾಯಿತು.

ನಗರವು ಮೊದಲು ನಕ್ಕಿತು, ಬರಬರುತ್ತ ಆದರಿಸಿತು. ಹಳೆಯ ಸೈನಿಕ ಉಡುಪನ್ನು ತೊಟ್ಟು ಬೀದಿಗಳನ್ನು ಪರಿಶೀಲಿಸುತ್ತಿದ್ದ ಆತನು ಅಚ್ಚು ಹಾಕಿಸಿದ ಚಿಕ್ಕ ನೋಟುಗಳನ್ನು ಜನರು ಕೊಂಡರು. 1867ರಲ್ಲಿ ಪೋಲೀಸಿನವನೊಬ್ಬನು ಆತನನ್ನು ಹುಚ್ಚನೆಂದು ಹಿಡಿದಾಗ ಪತ್ರಿಕೆಗಳು ಕೆರಳಿದವು. ಮುಖ್ಯಾಧಿಕಾರಿಯು ಆತನನ್ನು ಬಿಡಿಸಿದನು. 1870ರ ಖಾನೇಷುಮಾರಿಯಲ್ಲಿ ಆತನ ವೃತ್ತಿಯು ಚಕ್ರವರ್ತಿಯೆಂದೇ ದಾಖಲಾಯಿತು.

ಇದು ಅಸತ್ಯವೆನ್ನೋಣವೆ? ವಂದಿಸಿದವರಾರೂ ಆತನ ಪ್ರಭುತ್ವವನ್ನು ನಂಬಿರಲಿಲ್ಲ. ಆತನಿಂದ ಏನನ್ನೂ ಪಡೆಯಲೂ ಇಲ್ಲ. ಆದರೆ ಕೆಲವು ಪತ್ರಿಕಾಕರ್ತರು ಓದುಗರನ್ನು ನಗಿಸಲೆಂದು ತಾವೇ ಆಜ್ಞೆಗಳನ್ನು ಕಲ್ಪಿಸಿ ಆತನ ಹೆಸರಿನಲ್ಲಿ ಪ್ರಕಟಿಸಿದರು. ಇವರಿಬ್ಬರ ನಡತೆಯೂ ಹೊರಗೆ ಒಂದೇ ಬಗೆಯದು. ಆದರೆ ಒಂದು ಆತನ ಮಾನವನ್ನು ಕಾಯಿತು, ಇನ್ನೊಂದು ಆತನ ಭ್ರಾಂತಿಯನ್ನು ಮಾರಿಕೊಂಡಿತು. ದಯೆಗೂ ವಂಚನೆಗೂ ಇರುವ ಭೇದವು ಆಡಿದ ಮಾತಿನಲ್ಲಿಲ್ಲ, ಅದರ ಫಲವು ಯಾರಿಗೆ ಸೇರಿತೆಂಬುದರಲ್ಲಿದೆ.

1880ರ ಜನವರಿ 8ರಂದು ಆತನು ಬೀದಿಯಲ್ಲಿಯೇ ಕುಸಿದು ಮಡಿದನು. ಕೈಯಲ್ಲಿದ್ದುದು ಕೆಲವೇ ಡಾಲರುಗಳು. ವರ್ತಕರು ಹಣ ಕೂಡಿಸಿ ಸಂಸ್ಕಾರ ನಡೆಸಿದರು. ಕಡೆಯ ದರ್ಶನಕ್ಕೆ ಸುಮಾರು 10,000 ಜನರು ಬಂದರೆಂದು ಅಂದಿನ ವರದಿಗಳು ಹೇಳುತ್ತವೆ.

ಆದರೂ ನಗರದ ಲೆಕ್ಕವು ಇಲ್ಲಿಗೆ ತೀರುವುದಿಲ್ಲ. 1877ರ ಜುಲೈ ತಿಂಗಳಲ್ಲಿ ಅದೇ ಬೀದಿಗಳಲ್ಲಿ ಗುಂಪುಗಳು ಚೀನೀಯರ ಮೇಲೆ ಬಿದ್ದು, ಬಟ್ಟೆ ಒಗೆದು ಬದುಕುತ್ತಿದ್ದ ಆ ಬಡವರ ಅಂಗಡಿಗಳನ್ನು ಸುಟ್ಟವು. ಅವರು ಯಾವ ಕಿರೀಟವನ್ನೂ ಕೇಳಿರಲಿಲ್ಲ. ನೆರೆಯವರಾಗಿ ಬಾಳಲು ಎಡೆಯನ್ನಷ್ಟೇ ಬಯಸಿದ್ದರು. ವಿನೋದವನ್ನು ಕೊಡುವ ಒಬ್ಬನನ್ನು ಪ್ರೀತಿಸುವುದು ಊರಿಗೆ ಕಷ್ಟವಲ್ಲ. ನಾರ್ಟನನಿಗೆ ಸಂದ ಗೌರವವು ಮನುಷ್ಯನಿಗೆ ಸಂದದ್ದಾದರೆ, ಅದು ಉಡುಪಿಲ್ಲದವನಿಗೂ ಸಲ್ಲಬೇಕಾಗಿತ್ತು.