ಅವರು ಅಲ್ಲಿ ಏಕೆ ಮಲಗಿದ್ದರು?

ಶಂಕರ್‌ನಾಗ್ ನಿರ್ದೇಶಿಸಿದ ‘ಆಕ್ಸಿಡೆಂಟ್’ ಚಿತ್ರ ಬಂದದ್ದು 1985ರಲ್ಲಿ. ರಾಜಕಾರಣಿಯೊಬ್ಬನ ಮಗ ಅಮಲಿನಲ್ಲಿ ಓಡಿಸಿದ ಕಾರು ಬೆಂಗಳೂರಿನ ಫುಟ್‌ಪಾತ್ ಮೇಲೆ ಮಲಗಿದ್ದ ಬಡವರ ಮೇಲೆ ಹರಿಯುತ್ತದೆ. ಮುಂದೆ ತಂದೆಯ ಅಧಿಕಾರ ತನ್ನ ಕೆಲಸ ಶುರುಮಾಡುತ್ತದೆ. ಪತ್ರಕರ್ತನೊಬ್ಬ ಸತ್ಯದ ಬೆನ್ನು ಹತ್ತುತ್ತಾನೆ. ಅನಂತ್‌ನಾಗ್ ತಂದೆಯಾಗಿ, ಶಂಕರ್‌ನಾಗ್ ಪತ್ರಕರ್ತನಾಗಿ ಅಭಿನಯಿಸಿದ ಈ ಚಿತ್ರಕ್ಕೆ ರಾಷ್ಟ್ರಪ್ರಶಸ್ತಿಯೂ ಬಂತು. ಅಧಿಕಾರಸ್ಥರು ಅಪರಾಧವನ್ನು ಮುಚ್ಚಿಹಾಕುವ ಕಥೆಯೆಂದೇ ಇದನ್ನು ನಾವೆಲ್ಲ ನೆನಪಿಟ್ಟುಕೊಂಡಿದ್ದೇವೆ.

ಬಹಳ ವರ್ಷಗಳ ಮೇಲೆ ಮಾನ್ವಿಯ ನಮ್ಮ ಮನೆಯಲ್ಲಿ ಟಿ.ವಿ.ಯಲ್ಲಿ ಅದನ್ನು ಮತ್ತೆ ನೋಡುತ್ತಿದ್ದೆ. ಹಿತ್ತಲ ಗೋಡೆ ಕಟ್ಟಲು ಬಂದಿದ್ದ ಗೌಂಡಿಯೊಬ್ಬರು ಚಹಾ ಕುಡಿಯುತ್ತ ಬಾಗಿಲ ಬಳಿ ಕೂತಿದ್ದರು. ಕಾರು ಹರಿಯುವ ದೃಶ್ಯ ಬಂದಾಗ ನನ್ನ ಬಾಯಿಂದ ಥಟ್ಟನೆ ಮಾತೊಂದು ಬಂತು: “ಅಲ್ಲ, ಇವರು ಅಲ್ಲಿ ಯಾಕ ಮಲಕೊಂಡಾರ?” ಅವರು ಪರದೆಯಿಂದ ಕಣ್ಣು ತೆಗೆಯದೆ ಹೇಳಿದರು: “ಮೊದ್ಲ ದಿನ ಎಲ್ರೂ ಅಲ್ಲೇ ಮಲಗೋದು ಸರ. ಮೇಸ್ತ್ರಿ ಬರೋದು ಮುಂಜಾನಿಗೆ.”

ನನ್ನ ಪ್ರಶ್ನೆಯಲ್ಲಿ ತಪ್ಪೇನಿತ್ತು? ತಪ್ಪು ಶಬ್ದಗಳಲ್ಲಿರಲಿಲ್ಲ, ದನಿಯಲ್ಲಿತ್ತು. ಕಾರು ಓಡಿಸಿದವನನ್ನು ಕೇಳುವ ಮೊದಲೇ ನಾನು ಸತ್ತವರನ್ನು ವಿಚಾರಣೆಗೆ ನಿಲ್ಲಿಸಿದ್ದೆ. ಈ ದನಿ ನನ್ನೊಬ್ಬನದೇ ಅಲ್ಲ. 2002ರ ಸೆಪ್ಟೆಂಬರಿನಲ್ಲಿ ಮುಂಬೈಯ ಬಾಂದ್ರಾದಲ್ಲಿ ಬೇಕರಿಯೊಂದರ ಮುಂದೆ ಮಲಗಿದ್ದವರ ಮೇಲೆ ಪ್ರಸಿದ್ಧ ಚಿತ್ರನಟನೊಬ್ಬನ ಕಾರು ಹರಿದು ಒಬ್ಬ ಕಾರ್ಮಿಕ ಸತ್ತ. 2015ರ ಮೇನಲ್ಲಿ ಕೆಳ ನ್ಯಾಯಾಲಯ ನಟನಿಗೆ ಐದು ವರ್ಷ ಶಿಕ್ಷೆ ವಿಧಿಸಿತು. ಅದೇ ಡಿಸೆಂಬರಿನಲ್ಲಿ ಹೈಕೋರ್ಟು ಆರೋಪ ಸಾಬೀತಾಗಿಲ್ಲವೆಂದು ಖುಲಾಸೆ ಮಾಡಿತು. ಶಿಕ್ಷೆ ಪ್ರಕಟವಾದ ದಿನ ಗಾಯಕನೊಬ್ಬ, ರಸ್ತೆಯಲ್ಲಿ ಮಲಗುವವರು ನಾಯಿಯ ಸಾವು ಸಾಯುತ್ತಾರೆಂಬ ಅರ್ಥದಲ್ಲಿ ಬರೆದು, ಆಮೇಲೆ ಕ್ಷಮೆ ಕೇಳಬೇಕಾಯಿತು. ಅವನನ್ನು ಬೈಯುವುದು ಸುಲಭ. ನಾನೂ ಬೈದಿದ್ದೆ. ಅವನು ಒರಟಾಗಿ ಹೇಳಿದ್ದನ್ನೇ ನಾನು ಸಭ್ಯವಾಗಿ ಹೇಳಿದ್ದೆ ಎಂಬುದು ಹೊಳೆದದ್ದು ಗೌಂಡಿಯ ಮಾತು ಕೇಳಿದ ಮೇಲೆ. 2013ರ ಹಿಂದಿ ಚಿತ್ರ ‘ಜಾಲಿ ಎಲ್‌ಎಲ್‌ಬಿ’ಯಲ್ಲೂ ವಕೀಲನೊಬ್ಬ ಫುಟ್‌ಪಾತ್ ಮಲಗುವ ಜಾಗವಲ್ಲ ಎಂದು ವಾದಿಸುತ್ತಾನೆ, ಅದು ಕಾರು ಓಡಿಸುವ ಜಾಗವೂ ಅಲ್ಲ ಎಂಬ ಉತ್ತರ ಅವನಿಗೆ ಸಿಗುತ್ತದೆ.

ಆದರೆ ಆ ಉತ್ತರಕ್ಕೆ ಚಪ್ಪಾಳೆ ತಟ್ಟಿ ಎದ್ದುಹೋಗುವಂತಿಲ್ಲ. ‘ಏಕೆ ಮಲಗಿದ್ದರು’ ಎಂಬುದನ್ನು ದೂಷಣೆಯಾಗಿ ಕೇಳಿದರೆ ಮಾತು ಅಲ್ಲಿಗೇ ಮುಗಿಯುತ್ತದೆ. ನಿಜವಾಗಿ ತಿಳಿಯಬೇಕೆಂದು ಕೇಳಿದರೆ ಅದು ಬೆಂಗಳೂರಿನಿಂದ ಹೊರಟು ದೇವದುರ್ಗಕ್ಕೆ, ಮಾನ್ವಿಗೆ ಬಂದು ನಿಲ್ಲುತ್ತದೆ.

ಕೃಷ್ಣೆ, ತುಂಗಭದ್ರೆಗಳ ನಡುವಿನ ಜಿಲ್ಲೆ ನಮ್ಮದು. ಮಾನ್ವಿಗೆ ತುಂಗಭದ್ರಾ ಎಡದಂಡೆ ಕಾಲುವೆ ಬಂದಿದೆ, ದೇವದುರ್ಗಕ್ಕೆ ನಾರಾಯಣಪುರ ಬಲದಂಡೆ ಕಾಲುವೆ. ಕಾಲುವೆಯ ಕೊನೆಭಾಗಕ್ಕೆ ನೀರು ತಲುಪದ ಜಗಳ ಹಳೆಯದು. ನೀರು ತಲುಪಿದರೂ ಹೊಲವೇ ಇಲ್ಲದವನಿಗೆ ಅದರಿಂದ ಸಿಗುವುದು ಕೆಲವು ತಿಂಗಳ ಕೂಲಿ ಮಾತ್ರ. ಹತ್ತಿ ಬಿಡಿಸಿದ ಮೇಲೆ ಹಲವು ಮನೆಗಳಿಗೆ ಬೀಗ ಬೀಳುತ್ತದೆ. ಮುದುಕರು, ಶಾಲೆಯ ಮಕ್ಕಳು ಉಳಿಯುತ್ತಾರೆ. ಇದಕ್ಕೆ ನಮ್ಮಲ್ಲಿ ಗುಳೆ ಎನ್ನುತ್ತಾರೆ. ಚಿತ್ರ ಬಂದ 1985ರಲ್ಲೇ ಶಕ್ತಿನಗರದ ಉಷ್ಣ ವಿದ್ಯುತ್ ಕೇಂದ್ರದ ಮೊದಲ ಘಟಕ ಕೆಲಸ ಆರಂಭಿಸಿತು. ಇಲ್ಲಿ ಹುಟ್ಟುವ ಬೆಳಕೂ ನಗರಕ್ಕೆ ಹೋಗುತ್ತದೆ, ತೋಳುಗಳೂ ಹೋಗುತ್ತವೆ. ಬೆಳಕು ಹೋಗಲು ತಂತಿ, ಕಂಬಗಳ ಏರ್ಪಾಡು ಮೊದಲೇ ಆಗಿರುತ್ತದೆ. ಮನುಷ್ಯ ಹೋದ ದಿನ ರಾತ್ರಿ ಎಲ್ಲಿ ಮಲಗಬೇಕೆಂಬ ಏರ್ಪಾಡನ್ನು ಯಾರೂ ಮಾಡಿರುವುದಿಲ್ಲ.

2020ರ ಮಾರ್ಚ್ ಕೊನೆಯಲ್ಲಿ ಲಾಕ್‌ಡೌನ್ ಆದಾಗ ತೆಲಂಗಾಣಕ್ಕೆ ದುಡಿಯಲು ಹೋಗಿದ್ದ ರಾಯಚೂರು ಕಡೆಯ ಕೂಲಿಕಾರರು ತೆರೆದ ಗಾಡಿಯಲ್ಲಿ ಊರಿಗೆ ಹೊರಟಿದ್ದರು. ಹೈದರಾಬಾದಿನ ಹೊರವರ್ತುಲ ರಸ್ತೆಯಲ್ಲಿ ಲಾರಿ ಗುದ್ದಿ ಮಕ್ಕಳೂ ಸೇರಿ ಹಲವರು ಸತ್ತರು. ಮರುವಾರವೇ, ಬೆಂಗಳೂರಿನಿಂದ ನಡೆದು ಹೊರಟಿದ್ದ ಸಿಂಧನೂರು ತಾಲ್ಲೂಕಿನ ಕಟ್ಟಡ ಕಾರ್ಮಿಕ ಮಹಿಳೆಯೊಬ್ಬಳು ಬಳ್ಳಾರಿಯಲ್ಲಿ ಪ್ರಾಣಬಿಟ್ಟಳು. ಇಲ್ಲಿ ಕುಡಿದ ಶ್ರೀಮಂತನ ಮಗನಿಲ್ಲ, ಪ್ರಕರಣ ಮುಚ್ಚಿಹಾಕುವ ತಂದೆಯೂ ಇಲ್ಲ. ಹಾಗಾದರೆ ಹೊಣೆ ಯಾರದು? ಸಿನಿಮಾದಲ್ಲಿ ಅಪರಾಧಿಗೆ ಒಂದು ಮುಖವಿತ್ತು. ಈ ಸಾವುಗಳಲ್ಲಿ ಮುಖ ಸಿಗದ್ದರಿಂದ ನಾವು ಅವಕ್ಕೆ ದುರದೃಷ್ಟವೆಂದು ಹೆಸರಿಟ್ಟು ಸುಮ್ಮನಾದೆವು. ಅಪರಾಧಿ ಸಿಗದಿದ್ದರೆ ಹೊಣೆಯೂ ಇರುವುದಿಲ್ಲವೆಂಬ ಈ ಲೆಕ್ಕವನ್ನು ನಾನು ಒಪ್ಪಲಾರೆ. ಅಗ್ಗದ ಕೂಲಿಯಿಂದ ಲಾಭ ಪಡೆದವರೆಲ್ಲರಿಗೂ ಅದರಲ್ಲಿ ಪಾಲಿದೆ. ಬೆಂಗಳೂರಿನವರಿಗಷ್ಟೇ ಅಲ್ಲ, ಸುಗ್ಗಿಯಲ್ಲಿ ದುಡಿಸಿಕೊಂಡು ಬೇಸಿಗೆಯಲ್ಲಿ ಕಳಿಸಿಬಿಡುವ ನಮ್ಮ ಊರಿನವರಿಗೂ.

ಕಳೆದ ಚಳಿಗಾಲ ರಾತ್ರಿ ರೈಲಿಗೆಂದು ರಾಯಚೂರಿಗೆ ಹೋದಾಗ ಗಂಜ್ ಹತ್ತಿರ ಮುಚ್ಚಿದ ಅಂಗಡಿಯ ಮೆಟ್ಟಿಲ ಮೇಲೆ ನಾಲ್ಕೈದು ಜನ ಗೋಣಿಚೀಲ ಹೊದ್ದು ಮಲಗಿದ್ದರು. ಒಬ್ಬ ಎಚ್ಚರವಿದ್ದ. ಯಾವೂರಪ್ಪಾ ಎಂದೆ. “ದೇವದುರ್ಗದ ಕಡೆಯವರ್ರಿ” ಎಂದ. ಮುಂದೇನು ಕೇಳಬೇಕೆಂದು ತೋಚಲಿಲ್ಲ. ಅವನೇ ಕೇಳಿದ: “ನಿಮ್ಮ ಗಾಡಿ ಎಷ್ಟಕ್ಕೈತಿ?”