ವಂಶದೋಷವೂ ಹೊಣೆಯೂ

ಹುಟ್ಟಿದ ಕೂಸು ತಿಂಗಳುಗಳು ಕಳೆದರೂ ಕತ್ತು ನಿಲ್ಲಿಸದೆ, ತಾಯಿಯ ಮುಖವನ್ನು ಗುರುತಿಸದೆ ಇದ್ದರೆ, ಮನೆಯ ಹಿರಿಯರಲ್ಲಿ ಮೊದಲು ಏಳುವ ಪ್ರಶ್ನೆ ಔಷಧವನ್ನು ಕುರಿತದ್ದಲ್ಲ; ದೋಷವು ಯಾರ ಕಡೆಯಿಂದ ಬಂದಿತು ಎಂಬುದು. ಕಲಬುರಗಿಯ ಮೋಮಿನಪುರದಲ್ಲಾಗಲಿ ಬೆಂಗಳೂರಿನ ಬಸವನಗುಡಿಯಲ್ಲಾಗಲಿ ಈ ಪ್ರಶ್ನೆಗೆ ದೊರೆಯುವ ಉತ್ತರ ಬಹುಮಟ್ಟಿಗೆ ಒಂದೇ. ಹೆತ್ತವಳು ಕಣ್ಣೆದುರಿಗಿರುತ್ತಾಳೆ. ಬಸಿರಿನಲ್ಲಿ ಏನು ತಿಂದಳೋ, ಗ್ರಹಣಕಾಲದಲ್ಲಿ ಹೊರಗೆ ಕಾಲಿಟ್ಟಳೋ, ಅವಳ ತವರಿನ ರಕ್ತದಲ್ಲಿಯೇ ಏನಿದ್ದಿತೋ ಎಂದು ಮಾತು ಹೊರಡುತ್ತದೆ. ಅವಳ ತವರೂ ಗಂಡನ ಮನೆಯೂ ಒಂದೇ ವಂಶದ ಎರಡು ಕವಲುಗಳಾಗಿದ್ದಾಗ್ಗೂ ಈ ಮಾತು ನಿಲ್ಲುವುದಿಲ್ಲವೆಂಬುದೇ ಸೋಜಿಗ.

ಒಳಸಂಬಂಧಗಳು ಕನ್ನಡ ನಾಡಿನಲ್ಲಿ ಅಪರೂಪವಲ್ಲ. ಹಿಂದೂಗಳ ಅನೇಕ ಮನೆತನಗಳಲ್ಲಿ ಅಕ್ಕನ ಮಗಳನ್ನು ತಂದುಕೊಳ್ಳುವುದೂ ಸೋದರಮಾವನ ಮಗಳನ್ನು ವರಿಸುವುದೂ ಹಕ್ಕೆಂದೇ ಎಣಿಸಲ್ಪಟ್ಟಿವೆ. ಮುಸಲ್ಮಾನರಲ್ಲಿ ಸೋದರಮಾವನಿಗೆ ಹೆಣ್ಣು ಕೊಡುವುದು ನಿಷಿದ್ಧ. ಆದರೆ ಚಿಕ್ಕಪ್ಪ ದೊಡ್ಡಪ್ಪಂದಿರ ಮಕ್ಕಳು ಪರಸ್ಪರ ಮದುವೆಯಾಗಲು ಅಡ್ಡಿಯಿಲ್ಲ. ಇದನ್ನು ಬರಿಯ ಮೂಢತನವೆಂದು ತಳ್ಳಿಬಿಡುವವರು ಹೆಣ್ಣು ಹೆತ್ತವರ ಕಷ್ಟವನ್ನು ಅರಿಯರು. ಪರಿಚಿತರಾದ ಅತ್ತೆಮಾವಂದಿರು, ಕಡಮೆ ಕೊಡುಗೆ, ಒಡೆಯದ ಹೊಲಮನೆ, ಕಷ್ಟ ಬಂದಾಗ ಮಗಳ ಪರವಾಗಿ ನಿಲ್ಲುವ ನಂಟರು — ಇವೆಲ್ಲ ಸಣ್ಣ ಲಾಭಗಳಲ್ಲ.

ಈ ರೂಢಿಯ ಫಲವನ್ನು ಊಹೆಯಿಂದಲ್ಲದೆ ಲೆಕ್ಕದಿಂದ ತಿಳಿಯಲೆಳಸಿದವರಲ್ಲಿ ಡಾ. ಎ. ರಾಧಾ ರಮಾದೇವಿಯವರು ಒಬ್ಬರು. ಇವರು 1980ರ ದಶಕದಲ್ಲಿ ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯ ಎನ್. ಅಪ್ಪಾಜಿರಾಯರೊಡನೆ ಸೇರಿ, ಬೆಂಗಳೂರು ಮೈಸೂರುಗಳ ಆಸ್ಪತ್ರೆಗಳಲ್ಲಿ ಹುಟ್ಟಿದ ಹತ್ತಾರು ಸಾವಿರ ಶಿಶುಗಳ ರಕ್ತಪರೀಕ್ಷೆಯ ಕಾರ್ಯದಲ್ಲಿ ತೊಡಗಿದರು. ಇಂತಹ ಪರೀಕ್ಷೆಯ ಕ್ರಮ ಸರಳವಾದದ್ದು. ಕೂಸಿನ ಹಿಮ್ಮಡಿಯನ್ನು ಚುಚ್ಚಿ, ಒಂದೆರಡು ತೊಟ್ಟು ರಕ್ತವನ್ನು ಸೋಸುಕಾಗದಕ್ಕೆ ಹೀರಿಸಿ, ಒಣಗಿಸಿ ಪ್ರಯೋಗಶಾಲೆಗೆ ಕಳುಹಿಸುತ್ತಾರೆ. ಅಮೆರಿಕದ ರಾಬರ್ಟ್ ಗತ್ರಿ ಎಂಬಾತನು 1960ರ ದಶಕದಲ್ಲಿ ಬಳಕೆಗೆ ತಂದ ಉಪಾಯವಿದು. ಅಂಚೆಯಲ್ಲಿ ಕಳುಹಬಹುದಾದ ಆ ಕಾಗದದ ಚೂರಿನಿಂದ, ಆಹಾರದ ಅಂಶಗಳನ್ನು ಕೂಸಿನ ಶರೀರವು ಸರಿಯಾಗಿ ಅರಗಿಸಿ ಬಳಸಿಕೊಳ್ಳುತ್ತದೆಯೆ ಎಂಬುದು ತಿಳಿದುಬರುತ್ತದೆ. ಲಂಡನ್ನಿನ ಎ. ಎಚ್. ಬಿಟ್ಲ್ಸ್ ಅವರೂ ಜೊತೆಗೂಡಿ ಈ ಮೂವರು 1987ರಲ್ಲಿ ಪ್ರಕಟಿಸಿದ ಲೇಖನವು ಕರ್ನಾಟಕದಲ್ಲಿ ರಕ್ತಸಂಬಂಧದ ವಿವಾಹಗಳಿಗೂ ಮಕ್ಕಳ ಆನುವಂಶಿಕ ರೋಗಗಳಿಗೂ ಇರುವ ನಂಟನ್ನು ಕುರಿತದ್ದು. ಅಂದಿನ ಆ ಎರಡು ನಗರಗಳಲ್ಲಿ ಹೆಚ್ಚುಕಡಮೆ ಮೂರರಲ್ಲೊಂದು ವಿವಾಹವು ನಂಟರೊಳಗೇ ಆಗಿತ್ತೆಂದು ಈ ಬಗೆಯ ಶೋಧನೆಗಳಿಂದ ಕಂಡುಬಂದಿತು.

ಇದರ ತಿರುಳನ್ನು ತಿಳಿಯುವುದು ಕಷ್ಟವಲ್ಲ. ದೇಹದ ಒಂದೊಂದು ಗುಣಕ್ಕೂ ಮೂಲವಾದ ವಂಶವಾಹಿಯು ಪ್ರತಿಯೊಬ್ಬರಲ್ಲಿಯೂ ಸಾಮಾನ್ಯವಾಗಿ ಎರಡೆರಡು ಪ್ರತಿಗಳಾಗಿರುತ್ತದೆ. ಒಂದು ತಂದೆಯಿಂದ, ಒಂದು ತಾಯಿಯಿಂದ. ಈ ಪಂಗಡದ ರೋಗಗಳಲ್ಲಿ ಒಂದು ಪ್ರತಿ ಕೆಟ್ಟಿದ್ದರೂ ಇನ್ನೊಂದು ಕೆಲಸವನ್ನು ತೂಗಿಸುವುದರಿಂದ ಆ ಮನುಷ್ಯನು ಆರೋಗ್ಯವಾಗಿಯೇ ಬಾಳುತ್ತಾನೆ, ತನ್ನಲ್ಲಿ ಕೊರತೆಯುಂಟೆಂಬುದನ್ನೂ ಅರಿಯನು. ಒಂದೇ ಬಗೆಯ ಕೆಟ್ಟ ಪ್ರತಿಯುಳ್ಳ ಇಬ್ಬರು ಕೂಡಿದಾಗ ಮಾತ್ರ, ಪ್ರತಿ ಬಸಿರಿನಲ್ಲಿಯೂ ನಾಲ್ಕರಲ್ಲೊಂದು ಪಾಲು ರೋಗದ ಸಂಭವ ಒದಗುತ್ತದೆ. ಒಬ್ಬನೇ ಅಜ್ಜನ ಮೊಮ್ಮಕ್ಕಳು ಕೂಡಿದರೆ ಅಂತಹ ಇಬ್ಬರು ಸೇರುವುದು ಸುಲಭ. ಮಾವ ಸೊಸೆಯರಲ್ಲಿ ಇನ್ನೂ ಸುಲಭ. ಆದರೂ ಇಂತಹ ದಂಪತಿಗಳ ಬಹುಪಾಲು ಮಕ್ಕಳು ಆರೋಗ್ಯವಂತರೇ. ಸೋದರಸಂಬಂಧಿಗಳ ಮದುವೆಯಲ್ಲಿ ಹುಟ್ಟುದೋಷದ ಅಪಾಯವು ಇತರರಿಗಿಂತ ನೂರಕ್ಕೆ ಎರಡು ಮೂರರಷ್ಟು ಹೆಚ್ಚೆಂದು ವೈದ್ಯರು ಎಣಿಸುತ್ತಾರೆ. ಇಲ್ಲಿ ಗಮನಿಸತಕ್ಕದ್ದೆಂದರೆ, ಇಂತಹ ರೋಗದಲ್ಲಿ ತಂದೆಯ ಪಾಲೂ ತಾಯಿಯ ಪಾಲೂ ಸರಿಸಮ. ಎಲ್ಲ ಆನುವಂಶಿಕ ರೋಗಗಳೂ ಹೀಗಲ್ಲ, ನಿಜ. ಆದರೆ ಒಳಸಂಬಂಧದಿಂದ ಹೆಚ್ಚುವುದು ಈ ಬಗೆಯೇ. ಸೊಸೆಯೊಬ್ಬಳನ್ನೇ ಕಟಕಟೆಯಲ್ಲಿ ನಿಲ್ಲಿಸುವ ಪದ್ಧತಿಗೆ ಇಷ್ಟರಿಂದಲೇ ಬುಡ ತಪ್ಪುತ್ತದೆ.

ಹಾಗಾದರೆ ಇಂತಹ ಮದುವೆಗಳನ್ನೇ ತಡೆಯಬಾರದೆ ಎಂದು ಓದಿದವರು ಕೇಳುವುದುಂಟು. 1955ರ ಹಿಂದೂ ವಿವಾಹ ಶಾಸನವು ಸಪಿಂಡರೊಳಗಿನ ಮದುವೆಯನ್ನು ನಿಷೇಧಿಸಿತು. ಆದರೆ ರೂಢಿಯುಳ್ಳವರಿಗೆ ವಿನಾಯಿತಿಯನ್ನೂ ಕೊಟ್ಟಿತು. ಇದನ್ನು ಅಂಜಿಕೆಯೆನ್ನುವವರು ಇರಬಹುದು, ವಿವೇಕವೆನ್ನುವುದೇ ಲೇಸು. ವಂಶವನ್ನು ಶುದ್ಧಗೊಳಿಸುವ ಅಧಿಕಾರವನ್ನು ಸರಕಾರದ ಕೈಗಿತ್ತ ದೇಶದ ಗತಿಯನ್ನು ಲೋಕವು ಕಂಡಿದೆ. ಜರ್ಮನಿಯಲ್ಲಿ 1933ರ ಶಾಸನದ ಮೇರೆಗೆ ಸುಮಾರು ನಾಲ್ಕು ಲಕ್ಷ ಜನರನ್ನು ಬಲಾತ್ಕಾರದಿಂದ ಸಂತಾನಹೀನರನ್ನಾಗಿ ಮಾಡಲಾಯಿತು. ಅದೇ ಕಾಲದಲ್ಲಿ ಲಂಡನ್ನಿನಲ್ಲಿ, ವಂಶೋನ್ನತಿಯ ವಾದವನ್ನು ಹುಟ್ಟುಹಾಕಿದ ಗಾಲ್ಟನ್ನನ ಹೆಸರಿನ ಪ್ರಯೋಗಶಾಲೆಯಲ್ಲಿಯೇ ಕುಳಿತು, ಜೂಲಿಯಾ ಬೆಲ್ ಎಂಬ ವಿದುಷಿಯು ರೋಗಿಗಳ ವಂಶಾವಳಿಗಳನ್ನು ತಾಳ್ಮೆಯಿಂದ ಕೂಡಿಸುತ್ತಿದ್ದಳು. ಸ್ತ್ರೀಯೆಂಬ ಕಾರಣಕ್ಕೆ ಕೇಂಬ್ರಿಜ್ಜು ಆಕೆಗೆ ಪದವಿ ಕೊಟ್ಟಿರಲಿಲ್ಲ. 1937ರಲ್ಲಿ ಹಾಲ್ಡೇನರೊಡನೆ ಸೇರಿ, ರಕ್ತ ಹೆಪ್ಪುಗಟ್ಟದ ರೋಗಕ್ಕೂ ವರ್ಣಾಂಧತೆಗೂ ವಂಶವಾಹಿಗಳಲ್ಲಿರುವ ನಂಟನ್ನು ಆಕೆ ತೋರಿಸಿದಳು. ಒಂದೇ ಬಗೆಯ ವಂಶಾವಳಿ; ಒಬ್ಬರ ಕೈಯಲ್ಲಿ ಅದು ರೋಗದ ಅರಿವು, ಇನ್ನೊಬ್ಬರ ಕೈಯಲ್ಲಿ ಅದು ತೀರ್ಪು.

ರಮಾದೇವಿಯವರು ಹಿಡಿದ ಹಾದಿಯ ಬೆಲೆ ಇಲ್ಲಿ ತಿಳಿಯುತ್ತದೆ. ಮದುವೆಯ ಚಪ್ಪರವನ್ನು ಕೀಳಿಸುವ ಹಂಬಲವಿಲ್ಲದೆ, ಹುಟ್ಟಿದ ಕೂಸನ್ನು ಕಾಯುವ ಹಾದಿಯದು. ಮುಂದೆ ಹೈದರಾಬಾದಿನ ನಾಲ್ಕು ಸರಕಾರಿ ಹೆರಿಗೆ ಆಸ್ಪತ್ರೆಗಳ 18,300 ಶಿಶುಗಳನ್ನು ಪರೀಕ್ಷಿಸಿ, ನೌಷಾದರೊಡನೆ 2004ರಲ್ಲಿ ಫಲಿತಾಂಶವನ್ನು ಪ್ರಕಟಿಸಿದರು. ಥೈರಾಯ್ಡ್ ಗ್ರಂಥಿಯ ಹುಟ್ಟುಕೊರತೆಯು 1,700 ಶಿಶುಗಳಲ್ಲಿ ಒಂದಕ್ಕೆ ಇದ್ದಿತು. ಈ ಕೊರತೆ ಬಹಳವಾಗಿ ವಂಶದಿಂದ ಬಂದದ್ದಲ್ಲ. ಆದರೂ ಅದೇ ತೊಟ್ಟು ರಕ್ತದಲ್ಲಿ ಸಿಕ್ಕಿಬೀಳುತ್ತದೆ. ಮೊದಲ ಕೆಲವು ವಾರಗಳಲ್ಲಿಯೇ ದಿನಕ್ಕೊಂದು ಅಗ್ಗದ ಗುಳಿಗೆಯನ್ನು ಕೊಡತೊಡಗಿದರೆ ಆ ಮಗು ಇತರರಂತೆ ಶಾಲೆಗೆ ಹೋಗುತ್ತದೆ; ತಡಮಾಡಿದರೆ ಬುದ್ಧಿ ಕುಂದುತ್ತದೆ, ಮತ್ತೆ ಬಾರದು. ಹೀಗಿರುವಲ್ಲಿ ಅಜ್ಜಅಜ್ಜಿಯರ ವಂಶವನ್ನು ಕೆದಕುತ್ತ ಕಳೆಯುವ ಒಂದೊಂದು ದಿನವೂ ಕೂಸಿಗೆ ಬಗೆದ ದ್ರೋಹವಲ್ಲವೆ?

ಇಷ್ಟಾದರೂ ಬಿಡಿಸಲಾಗದ ಗಂಟೊಂದು ಉಳಿಯುತ್ತದೆ. ಒಂದು ಮನೆಯ ಮಗುವಿನಲ್ಲಿ ರೋಗ ಕಂಡಿತೆಂದರೆ, ಅದರ ಅತ್ತೆ ಚಿಕ್ಕಮ್ಮಂದಿರೂ ಮಾವಂದಿರೂ ಆ ಕೆಟ್ಟ ಪ್ರತಿಯನ್ನು ಹೊತ್ತಿರಬಹುದೆಂದು ವೈದ್ಯನಿಗೆ ತಿಳಿಯುತ್ತದೆ. ಚಿಕ್ಕಮ್ಮನ ನಿಶ್ಚಿತಾರ್ಥವು ಸೋದರಮಾವನ ಮಗನೊಡನೆ ಆಗಿದ್ದರೆ ವೈದ್ಯನು ಬಾಯಿ ಬಿಡಬೇಕೆ? ಬಿಟ್ಟರೆ ರೋಗಿಯ ಮನೆಯವರು ನಂಬಿ ಹೇಳಿದ ಗುಟ್ಟು ಬೀದಿಗೆ ಬೀಳುತ್ತದೆ. ಹೆಣ್ಣಿನ ಮದುವೆ ಮುರಿದು, ಬೇರೆ ಗಂಡೂ ದೊರೆಯದೆ ಹೋಗಬಹುದು. ಬಿಡದಿದ್ದರೆ ಇನ್ನೊಂದು ಕೂಸು ಅದೇ ಪಾಡಿಗೆ ಬರಬಹುದು. ವೈದ್ಯನು ನೇರವಾಗಿ ಹೋಗಿ ಹೇಳದೆ, ನಂಟರಿಗೆ ತಿಳಿಸುವಂತೆ ಮಗುವಿನ ತಂದೆತಾಯಿಗಳ ಮನವೊಲಿಸುವುದು ಸಾಮಾನ್ಯವಾದ ಕ್ರಮ. ಅದು ಫಲಿಸುವುದು ತಂದೆತಾಯಿಗಳು ನಾಚದಿದ್ದರೆ. ಅವರು ನಾಚದಿರುವುದು ದೋಷವನ್ನು ಒಬ್ಬಳ ತಲೆಗೆ ಕಟ್ಟುವ ಪರಿಪಾಠ ತಪ್ಪಿದರೆ. ಆಗ ಗಂಡುಹೆಣ್ಣುಗಳಿಬ್ಬರೂ ಮದುವೆಗೆ ಮುಂಚೆ ರಕ್ತವನ್ನು ತೋರಿಸಿಕೊಳ್ಳಬಹುದು; ಇಬ್ಬರಲ್ಲಿ ಒಬ್ಬರಿಗೆ ಆ ಪ್ರತಿ ಇಲ್ಲವೆಂದಾದರೆ ಆ ರೋಗದ ಭಯವು ಅವರ ಮಕ್ಕಳಿಗೆ ಇಲ್ಲವೆಂದೇ ಹೇಳಬಹುದು, ಮದುವೆಯೂ ನಿಲ್ಲಬೇಕಾಗಿಲ್ಲ.