ಗಾಳಿ ಪಾಲು ಕೇಳಿದಾಗ

‘ಗಾಳಿ ಬಂದಾಗ ತೂರಿಕೋ’ ಎಂಬ ಗಾದೆಯನ್ನು ಅವಕಾಶವಾದಿಗಳ ಬಗ್ಗೆ ಹೇಳಿ ಹೇಳಿ ಸವೆಸಿದ್ದೇವೆ. ಕಣದಲ್ಲಿ ನಿಂತ ರೈತನಿಗೆ ಅದು ಬರಿಯ ಕಸುಬಿನ ಮಾತು. ಗಾಳಿ ಬೀಸಿದಾಗ ಮೊರ ಎತ್ತದಿದ್ದರೆ ಹೊಟ್ಟು ಕಾಳಿನಲ್ಲೇ ಉಳಿಯುತ್ತದೆ. ಆ ಗಾಳಿಗೆ ಯಾರೂ ಬಾಡಿಗೆ ಕೊಡುವುದಿಲ್ಲ. ರಾಶಿಯಲ್ಲಿ ಅದು ಪಾಲು ಕೇಳುವುದೂ ಇಲ್ಲ.

ಪಾಲು ಕೇಳುವ ಗಾಳಿಯೊಂದು ಇದೆ. ಅದರ ಹೆಸರು ವಾಯ್ರಾ. ಸ್ಪೇನ್‌ನ ದೂರಸಂಪರ್ಕ ಕಂಪನಿ ಟೆಲಿಫೋನಿಕಾ 2011ರಲ್ಲಿ ಆರಂಭಿಸಿದ ಸ್ಟಾರ್ಟ್‌ಅಪ್ ಆಕ್ಸಲರೇಟರ್ ಇದು. ಲಿಮಾ, ಬೊಗೊಟಾ, ಮ್ಯಾಡ್ರಿಡ್ ಮೊದಲಾದ ನಗರಗಳಲ್ಲಿ ಅದು ಹೊಸ ಉದ್ಯಮಿಗಳನ್ನು ಆರಿಸಿ, ಕೂರಲು ಜಾಗ, ತಿಳಿದವರ ಮಾರ್ಗದರ್ಶನ, ಒಂದಿಷ್ಟು ಬಂಡವಾಳ ಕೊಟ್ಟಿತು. ಬದಲಿಗೆ ಅವರ ಕಂಪನಿಯಲ್ಲಿ ಸಣ್ಣ ಪಾಲು ಪಡೆಯಿತು. ‘ವಾಯ್ರಾ’ ಎಂಬುದು ಆಂಡೀಸ್ ಪರ್ವತಸಾಲಿನ ಕೆಚುವಾ ನುಡಿಯ ಪದ. ಅರ್ಥ, ಗಾಳಿ. ನಮ್ಮ ‘ವಾಯು’ವಿಗೂ ಅದಕ್ಕೂ ನೆಂಟಸ್ತಿಕೆ ಇಲ್ಲ, ಸದ್ದಿನ ಹೋಲಿಕೆ ಅಷ್ಟೆ.

ಯಾರ ಸ್ವತ್ತೂ ಅಲ್ಲದ್ದರ ಹೆಸರಿಟ್ಟುಕೊಂಡು ಪಾಲು ಕೇಳುವುದನ್ನು ನೆರವು ಎನ್ನಬಹುದೇ?

ಅಂಥ ಕಂಪನಿಗಳಿಗೆ ಆಗ ಆತಂಕಪಡಲು ಕಾರಣವಿತ್ತು. 2009ರಲ್ಲಿ ಹುಟ್ಟಿದ ವಾಟ್ಸ್‌ಆ್ಯಪ್, ಎಸ್ಸೆಮ್ಮೆಸ್‌ನಿಂದ ಬರುತ್ತಿದ್ದ ಅವುಗಳ ಆದಾಯವನ್ನು ಕೆಲವೇ ವರ್ಷಗಳಲ್ಲಿ ಕರಗಿಸಿತು. 2014ರಲ್ಲಿ ಫೇಸ್‌ಬುಕ್ ಅದನ್ನು ಕೊಳ್ಳಲು ಘೋಷಿಸಿದ ಬೆಲೆ 1,900 ಕೋಟಿ ಡಾಲರ್. ಕೇಬಲ್ಲೂ ಗೋಪುರವೂ ಒಬ್ಬರದು, ಲಾಭ ಇನ್ನೊಬ್ಬರದು. ಇಂಥ ಕಾಲದಲ್ಲಿ, ಮುಂದಿನ ಮರಿ ನಮ್ಮ ಅಂಗಳದಲ್ಲೇ ಹುಟ್ಟಲಿ ಎಂದು ಕಂಪನಿಯೊಂದು ಬಯಸಿದರೆ ಅದರಲ್ಲಿ ಆಶ್ಚರ್ಯವಿಲ್ಲ.

ಹಾಗಾದರೆ ಇದು ಸ್ವಾರ್ಥ, ನೆರವಲ್ಲ ಎಂದು ತೀರ್ಪು ಕೊಟ್ಟು ಎದ್ದುಬಿಡಬಹುದು. ನನಗೆ ಅದು ಅವಸರದ ತೀರ್ಪು ಎನಿಸುತ್ತದೆ. ಅಡವಿಡಲು ಆಸ್ತಿಯಿಲ್ಲದ, ದುಡ್ಡಿರುವ ಬಂಧುಗಳಿಲ್ಲದ ಹುಡುಗಿಯೊಬ್ಬಳ ತಲೆಯಲ್ಲಿ ಒಳ್ಳೆಯ ಯೋಚನೆ ಇದೆ ಎನ್ನಿ. ನಿಸ್ವಾರ್ಥಿಯೊಬ್ಬ ಬರಲಿ ಎಂದು ಅವಳು ಎಷ್ಟು ವರ್ಷ ಕಾಯಬೇಕು? ಸಹಾಯ ಮಾಡುವವನ ಮನಸ್ಸು ಶುದ್ಧವಾಗಿರಲೇಬೇಕು ಎಂಬ ಹಟದ ಬೆಲೆ ತೆರುವವಳು ಅವಳೇ ಹೊರತು ನಾವಲ್ಲ.

ನಮ್ಮ ಹಳ್ಳಿಯ ಕಣದಲ್ಲೂ ಪಾಲು ಕೇಳುವವರಿದ್ದರು. ಕಮ್ಮಾರ, ಬಡಗಿ ಮೊದಲಾದ ಆಯಗಾರರಿಗೆ ರಾಶಿಯಿಂದ ಕಾಳು ಸಲ್ಲುತ್ತಿತ್ತು. ಭೂಮಾಲೀಕನಿಗೂ ಗೇಣಿ ಸಲ್ಲುತ್ತಿತ್ತು. ಅಳೆದು ಕೊಟ್ಟದ್ದು ಒಂದೇ ಕಾಳು, ಆದರೆ ಎರಡೂ ಒಂದೇ ಅಲ್ಲ. ಕಮ್ಮಾರ ಗುಳ ತಟ್ಟಿ ಕೊಟ್ಟು ತನ್ನ ದುಡಿಮೆಯ ಪಾಲು ಒಯ್ಯುತ್ತಿದ್ದ. ಹೊಲದಲ್ಲಿ ಏನು ಬಿತ್ತಬೇಕೆಂದು ಅವನು ಹೇಳಬೇಕಿರಲಿಲ್ಲ. ಒಡೆಯ ಹೇಳಬಲ್ಲವನಾಗಿದ್ದ. ಒಂದೊಂದು ಸಲ ಅವನು ಬಾಯಿಬಿಟ್ಟು ಹೇಳಬೇಕಾದ ಅಗತ್ಯವೂ ಇರಲಿಲ್ಲ.

ನಾನು ಅಂಜುವುದು ಇದಕ್ಕೆ. ಫೋನ್ ಕಂಪನಿಯ ಸೂರಿನಡಿ ಕೂತವಳಿಗೆ ಒಂದು ದಿನ, ಫೋನ್ ಬಿಲ್ಲನ್ನೇ ಅರ್ಧಕ್ಕಿಳಿಸುವ ಉಪಾಯ ಹೊಳೆದರೆ? ಒಪ್ಪಂದದಲ್ಲಿ ಅದಕ್ಕೆ ಅಡ್ಡಿಯಿಲ್ಲದಿರಬಹುದು. ಆದರೂ ಅವಳು ಆ ಹಾಳೆಯನ್ನು ತಾನೇ ಮಡಿಸಿಟ್ಟುಬಿಡಬಹುದು. ಈ ನಷ್ಟ ಯಾವ ಲೆಕ್ಕಪುಸ್ತಕದಲ್ಲೂ ಕಾಣುವುದಿಲ್ಲ. ಶೇಕಡಾ ಇಷ್ಟು ಎಂದು ಕೊಟ್ಟ ಪಾಲಿಗಿಂತ ಇದು ದೊಡ್ಡದು.

ಟೆಲಿಫೋನಿಕಾ ಪೆರುವಿಗೆ ಬಂದದ್ದು 1994ರಲ್ಲಿ. ಅಲ್ಲಿನ ತನ್ನ ದೂರಸಂಪರ್ಕ ವ್ಯವಹಾರವನ್ನು ಮಾರಿದ್ದು 2025ರಲ್ಲಿ. ಅದು ತಪ್ಪಲ್ಲ, ಲಾಭಕ್ಕಾಗಿ ಬಂದವರು ಲಾಭವಿಲ್ಲದಾಗ ಹೊರಡುತ್ತಾರೆ. ಆದ್ದರಿಂದ ನೆರವನ್ನು ಕೊಟ್ಟವನ ಮನಸ್ಸಿನಿಂದ ಅಳೆಯುವುದನ್ನು ನಾನು ಬಿಟ್ಟಿದ್ದೇನೆ. ಪಡೆದವಳು ‘ಒಲ್ಲೆ’ ಎನ್ನಬಲ್ಲಳೇ, ಅವನು ಹೊರಟ ಮೇಲೂ ನಿಲ್ಲಬಲ್ಲಳೇ ಎಂದಷ್ಟೇ ಕೇಳುತ್ತೇನೆ. ಕಾಲೇಜಿನಲ್ಲಿ ಕೂತು ಕಂಪನಿ ಕಟ್ಟುವ ಕನಸು ಕಾಣುತ್ತಿರುವವರು, ಎಷ್ಟು ಪಾಲು ಎಂದು ಕೇಳುವ ಮೊದಲು ಇದನ್ನು ಕೇಳಿಕೊಂಡರೆ ಒಳ್ಳೆಯದು.